ಗೃಹಸಾಲದ ನಿಜವಾದ ಬೆಲೆ: ಬಡ್ಡಿದರಕ್ಕಿಂತ ಅವಧಿಯ ಮೇಲೆ ಕಣ್ಣಿಡಿ

ಪ್ರಶ್ನೆ: ನನಗೆ 34 ವರ್ಷ, ಪತಿಗೆ 36. ಇಬ್ಬರೂ ಬೆಂಗಳೂರಿನಲ್ಲಿ ಖಾಸಗಿ ಕಂಪನಿಗಳಲ್ಲಿ ಕೆಲಸದಲ್ಲಿದ್ದೇವೆ. ಕೈಗೆ ಬರುವ ಸಂಬಳ ನನ್ನದು 78,000 ರೂಪಾಯಿ, ಅವರದು 57,000. ಬಸವೇಶ್ವರನಗರದಲ್ಲಿ 28,000 ರೂಪಾಯಿ ಬಾಡಿಗೆ ಕಟ್ಟುತ್ತಿದ್ದೇವೆ. ಕನಕಪುರ ರಸ್ತೆಯ ಪಕ್ಕದಲ್ಲಿ, ರೇರಾ (ರಿಯಲ್ ಎಸ್ಟೇಟ್ ನಿಯಂತ್ರಣ ಪ್ರಾಧಿಕಾರ) ನೋಂದಣಿಯಾಗಿರುವ ಕಟ್ಟಡದಲ್ಲಿ 1,200 ಚದರ ಅಡಿಯ ಫ್ಲ್ಯಾಟ್ ನೋಡಿದ್ದೇವೆ. ಬೆಲೆ 85 ಲಕ್ಷ, ಮೂರು ವರ್ಷದಲ್ಲಿ ಕೈಗೆ ಸಿಗುತ್ತದಂತೆ. ನಮ್ಮ ಬಳಿ ಉಳಿತಾಯ 40 ಲಕ್ಷ ಇದೆ. ಬ್ಯಾಂಕಿನವರು ಶೇ 8.5ರ ಫ್ಲೋಟಿಂಗ್ (ಕಾಲಕಾಲಕ್ಕೆ ಬದಲಾಗುವ) ದರದಲ್ಲಿ 60 ಲಕ್ಷ ಸಾಲ ಕೊಡುತ್ತೇವೆ, 20 ವರ್ಷಕ್ಕೆ ಕಂತು 52 ಸಾವಿರ ಆಗುತ್ತದೆ, ಭಾರವೆನಿಸಿದರೆ 30 ವರ್ಷ ಮಾಡಿಕೊಳ್ಳಿ ಎನ್ನುತ್ತಾರೆ. ಜೊತೆಗೆ 1.8 ಲಕ್ಷದ ವಿಮೆಯನ್ನು ಸಾಲಕ್ಕೇ ಸೇರಿಸುತ್ತಾರಂತೆ. ‘ಒಂದು ಮನೆಗೆ ಎರಡು ಮನೆಯ ದುಡ್ಡು ಕಟ್ಟುತ್ತೀರಿ’ ಎಂದು ಭಾವ ಹೆದರಿಸುತ್ತಾರೆ. ‘ತೆರಿಗೆ ಉಳಿಯುತ್ತದೆ, ಸಾಲ ಬೇಗ ತೀರಿಸಬೇಡಿ’ ಎಂದು ಸಹೋದ್ಯೋಗಿ ಹೇಳುತ್ತಾರೆ. ಪತಿಯ ಹೆಸರಿನಲ್ಲಿ ತುಮಕೂರಿನಲ್ಲಿ 18 ಲಕ್ಷ ಬೆಲೆಬಾಳುವ ನಿವೇಶನವಿದೆ. ಅದನ್ನು ಮಾರುವ ಮಾತೆತ್ತಿದರೆ ಮಾವನವರಿಗೆ ಬೇಸರ. ಯಾರ ಲೆಕ್ಕ ಸರಿ?

ಉತ್ತರ: ನಿಮ್ಮ ಪತ್ರದಲ್ಲಿ ನಾಲ್ವರ ಮಾತುಗಳಿದ್ದರೂ ಅವುಗಳ ಹಿಂದಿರುವ ಆತಂಕ ಒಂದೇ. ಒಮ್ಮೆ ಸಹಿ ಹಾಕಿದ ಮೇಲೆ ಈ ಮನೆಗಾಗಿ ಒಟ್ಟು ಎಷ್ಟು ಹಣ ಕೈಬಿಡುತ್ತದೆ, ಅದರಲ್ಲಿ ಎಷ್ಟು ಅನಿವಾರ್ಯ, ಎಷ್ಟು ತಪ್ಪಿಸಬಹುದಾದದ್ದು ಎಂಬುದು. ಮೊದಲು ಬ್ಯಾಂಕಿನ ಗೃಹಸಾಲ ವಿಭಾಗದಲ್ಲಿ ಮೇಜಿನ ಆ ಬದಿಯಲ್ಲಿ ಕೂತು, ಈಗ ಸಾಲಗಾರರ ಪರವಾಗಿ ಈ ಬದಿಯಲ್ಲಿ ಕೂತು ನಾನು ಕಂಡದ್ದನ್ನು ಆರಂಭದಲ್ಲೇ ಹೇಳಿಬಿಡುತ್ತೇನೆ. ಬಡ್ಡಿಯನ್ನು ಶೇ 0.1ರಷ್ಟು ಇಳಿಸಿಕೊಳ್ಳಲು ನಾಲ್ಕು ಬ್ಯಾಂಕು ಅಲೆಯುವವರು ಅವಧಿಯ ಕಾಲಂನಲ್ಲಿ 240 ತಿಂಗಳು ಇದೆಯೋ 360 ಇದೆಯೋ ಎಂದು ಕಣ್ಣೆತ್ತಿಯೂ ನೋಡುವುದಿಲ್ಲ. ಗೃಹಸಾಲ ದುಬಾರಿಯಾಗುವುದು ಬಹುಮಟ್ಟಿಗೆ ಆ ಕಾಲಂನಲ್ಲಿಯೇ.

ಮೊದಲು ನಿಮ್ಮದೇ ಅಂಕಿಗಳನ್ನು ನೋಡೋಣ. 60 ಲಕ್ಷ, ಶೇ 8.5, 20 ವರ್ಷ ಎಂದರೆ ಕಂತು 52,069 ರೂಪಾಯಿ. ಮೊದಲ ತಿಂಗಳ ಕಂತಿನಲ್ಲಿ 42,500 ಬಡ್ಡಿಗೆ ಹೋಗುತ್ತದೆ, ಅಸಲು ಇಳಿಯುವುದು 9,569 ಮಾತ್ರ. ಐದು ವರ್ಷ ಒಂದೂ ತಪ್ಪದಂತೆ ಕಟ್ಟಿದ ಮೇಲೆ ನೀವು ಕೊಟ್ಟಿರುವುದು 31.24 ಲಕ್ಷ, ಸಾಲ ಕಡಿಮೆಯಾಗಿರುವುದು 7.12 ಲಕ್ಷ. ಒಂದು ಕಂತಿನಲ್ಲಿ ಅಸಲಿನ ಭಾಗ ಬಡ್ಡಿಯ ಭಾಗಕ್ಕೆ ಸಮನಾಗಲು ಹನ್ನೆರಡನೆಯ ವರ್ಷ ಮುಗಿಯುತ್ತ ಬರಬೇಕು. ಅರ್ಧ ಸಾಲ, ಅಂದರೆ 30 ಲಕ್ಷ, ತೀರುವಷ್ಟರಲ್ಲಿ 13 ವರ್ಷ 10 ತಿಂಗಳು ಕಳೆದಿರುತ್ತದೆ. ಇದನ್ನು ಕಂಡವರೆಲ್ಲ ಬ್ಯಾಂಕಿನವರು ಮೊದಲೇ ಬಡ್ಡಿ ಎಳೆದುಕೊಂಡುಬಿಡುತ್ತಾರೆ ಎಂದು ದೂರುತ್ತಾರೆ. ಅದು ನಿಜವಲ್ಲ. ಆಯಾ ತಿಂಗಳು ಬಾಕಿ ಇರುವ ಅಸಲಿಗೆ ಆ ತಿಂಗಳ ಬಡ್ಡಿಯನ್ನಷ್ಟೇ ಹಾಕುತ್ತಾರೆ. ಆರಂಭದಲ್ಲಿ ಬಾಕಿ ದೊಡ್ಡದು, ಆದ್ದರಿಂದ ಬಡ್ಡಿಯೂ ದೊಡ್ಡದು. ಕಂತನ್ನು ಮಾತ್ರ ಎಲ್ಲ ತಿಂಗಳೂ ಒಂದೇ ಇರುವಂತೆ ಹೊಂದಿಸಿರುವುದರಿಂದ ಅಸಲಿಗೆ ಉಳಿಯುವುದು ಅತ್ಯಲ್ಪ. ಇದರಲ್ಲಿ ಮೋಸವಿಲ್ಲ, ಆದರೆ ಇದರ ಪರಿಣಾಮ ದೊಡ್ಡದು. ಮೊದಲ ಏಳೆಂಟು ವರ್ಷಗಳಲ್ಲಿ ನೀವು ತೆಗೆದುಕೊಳ್ಳುವ ತೀರ್ಮಾನಗಳೇ ಸಾಲದ ಒಟ್ಟು ಬೆಲೆಯನ್ನು ನಿರ್ಧರಿಸುತ್ತವೆ.

ಇನ್ನು ನಿಮ್ಮ ಭಾವನವರ ಮಾತು. 240 ಕಂತು ಸೇರಿದರೆ ಸುಮಾರು 1.25 ಕೋಟಿ, ಅದರಲ್ಲಿ ಬಡ್ಡಿಯೇ 64.97 ಲಕ್ಷ. ಗುಣಾಕಾರ ಸರಿಯಾಗಿದೆ, ಅದರಿಂದ ಹೊರಡಿಸಿದ ತೀರ್ಪು ಅರ್ಧ ಮಾತ್ರ ಸರಿ. ಇಪ್ಪತ್ತನೆಯ ವರ್ಷ ನೀವು ಕಟ್ಟುವ 52,069 ರೂಪಾಯಿ ಇಂದಿನ 52,069 ಅಲ್ಲ. ಬೆಲೆಗಳು ವರ್ಷಕ್ಕೆ ಶೇ 5ರಂತೆ ಏರಿದರೆ ಆ ಕೊನೆಯ ಕಂತಿಗೆ ಇಂದಿನ ಲೆಕ್ಕದಲ್ಲಿ 20 ಸಾವಿರಕ್ಕಿಂತ ಕಡಿಮೆ ಬೆಲೆ. ನಿಮ್ಮ ಸಂಬಳ ಏರುತ್ತದೆ, ಬಾಡಿಗೆಯೂ ಏರುತ್ತದೆ, ಕಂತು ಹೆಚ್ಚೂಕಡಿಮೆ ನಿಂತಲ್ಲೇ ನಿಂತಿರುತ್ತದೆ. 2022ರ ನಂತರ ಕಂಪನಿಗಳು ನೌಕರರನ್ನು ಮತ್ತೆ ಕಚೇರಿಗೆ ಕರೆಸಿಕೊಂಡಾಗ ಬೆಂಗಳೂರಿನ ಬಾಡಿಗೆ ಹೇಗೆ ಜಿಗಿಯಿತೆಂದು ನಿಮಗೆ ಬೇರೆ ಹೇಳಬೇಕಿಲ್ಲ. ಹಾಗಾಗಿ ‘ಎರಡು ಮನೆಯ ದುಡ್ಡು’ ಎಂಬ ಮಾತಿಗೆ ಹೆದರಿ ಹಿಂದೆ ಸರಿಯಬೇಕಾಗಿಲ್ಲ. ಹೆದರಬೇಕಾದದ್ದು ನಿಮಗೆ ಯಾವ ಉಪಯೋಗವೂ ಇಲ್ಲದೆ ಹೋಗುವ ಬಡ್ಡಿಗೆ ಮತ್ತು ಶುಲ್ಕಗಳಿಗೆ.

ಅಂಥ ಬಡ್ಡಿ ಹುಟ್ಟುವುದು ಉದ್ದನೆಯ ಅವಧಿಯಲ್ಲಿ. ಇದೇ ಸಾಲವನ್ನು 25 ವರ್ಷಕ್ಕೆ ಎಳೆದರೆ ಕಂತು 48,314ಕ್ಕೆ ಇಳಿಯುತ್ತದೆ, ಒಟ್ಟು ಬಡ್ಡಿ 84.94 ಲಕ್ಷಕ್ಕೆ ಏರುತ್ತದೆ. ತಿಂಗಳಿಗೆ ಉಳಿದದ್ದು 3,755 ರೂಪಾಯಿ, ಹೆಚ್ಚಿಗೆ ತೆತ್ತದ್ದು ಸುಮಾರು 20 ಲಕ್ಷ. ಬ್ಯಾಂಕಿನವರು ಸೂಚಿಸಿದ 30 ವರ್ಷಕ್ಕೆ ಕಂತು 46,135, ಬಡ್ಡಿ ಮಾತ್ರ 1.06 ಕೋಟಿ. ಬದಲಿಗೆ, ನೀವು ಚೌಕಾಸಿ ಮಾಡಿ ದರವನ್ನು ಶೇ 8.5ರಿಂದ ಶೇ 8ಕ್ಕೆ ಇಳಿಸಿಕೊಂಡಿರೆನ್ನಿ; 20 ವರ್ಷದಲ್ಲಿ ಉಳಿಯುವುದು ಸುಮಾರು 4.5 ಲಕ್ಷ. ಚೌಕಾಸಿ ಬೇಡವೆಂದಲ್ಲ, ಖಂಡಿತ ಮಾಡಿ. ಆದರೆ ಅರ್ಧ ಪರ್ಸೆಂಟಿನ ನಾಲ್ಕು ಪಟ್ಟಿಗಿಂತ ಹೆಚ್ಚಿನ ಮೊತ್ತ ಐದು ವರ್ಷದ ಅವಧಿಯಲ್ಲಿ ಅಡಗಿದೆ ಎಂಬುದು ಗಮನದಲ್ಲಿರಲಿ. ಕಾಲಕ್ರಮದಲ್ಲಿ ಹಣದ ಬೆಲೆ ಕುಸಿಯುವುದನ್ನು ಲೆಕ್ಕಕ್ಕೆ ಹಿಡಿದರೆ ಈ ಅಂತರ ಕಿರಿದಾಗುತ್ತದೆ, ಅಳಿಸಿಹೋಗುವುದಿಲ್ಲ.

30 ವರ್ಷದ ಸಾಲಕ್ಕೆ ಇನ್ನೊಂದು ಅಪಾಯವಿದೆ, ಅದನ್ನು ಬ್ಯಾಂಕಿನ ಮೇಜಿನಲ್ಲಿ ಯಾರೂ ಹೇಳುವುದಿಲ್ಲ. ನಿಮ್ಮದು ಫ್ಲೋಟಿಂಗ್ ದರ. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಹೊಸ ಫ್ಲೋಟಿಂಗ್ ಗೃಹಸಾಲಗಳನ್ನು ರಿಸರ್ವ್ ಬ್ಯಾಂಕಿನ ರೆಪೊ ದರದಂತಹ (ಬ್ಯಾಂಕುಗಳಿಗೆ ಅದು ಕೊಡುವ ಅಲ್ಪಾವಧಿ ಸಾಲದ ಬಡ್ಡಿದರ) ಹೊರಗಿನ ಮಾನದಂಡಕ್ಕೆ ಕಟ್ಟಿ, ಮೂರು ತಿಂಗಳಿಗೊಮ್ಮೆಯಾದರೂ ಪರಿಷ್ಕರಿಸಬೇಕು. ರೆಪೊ ಏರಿದಾಗ ಅನೇಕ ಬ್ಯಾಂಕುಗಳು ಕಂತನ್ನು ಮುಟ್ಟದೆ ಅವಧಿಯನ್ನು ಉದ್ದ ಮಾಡುತ್ತಿದ್ದವು. ಇದರಿಂದ ಏನಾಗುತ್ತದೆಂದು 2021ರಲ್ಲಿ ಸಾಲ ಮಾಡಿದವರು ಕಣ್ಣಾರೆ ಕಂಡರು. ಆಗ ರೆಪೊ ಶೇ 4, ಗೃಹಸಾಲ ಶೇ 6.75ರ ಆಸುಪಾಸಿನಲ್ಲಿ ಸಿಗುತ್ತಿತ್ತು. ಆ ದರದಲ್ಲಿ 50 ಲಕ್ಷವನ್ನು 20 ವರ್ಷಕ್ಕೆ ಪಡೆದವರ ಕಂತು 38,018. 2022ರ ಮೇ ತಿಂಗಳಿಂದ ಏರತೊಡಗಿದ ರೆಪೊ 2023ರ ಫೆಬ್ರುವರಿ ಹೊತ್ತಿಗೆ ಶೇ 6.5 ಮುಟ್ಟಿತು, ಅವರ ಸಾಲದ ದರ ಶೇ 9.25 ಆಯಿತು. ಎರಡು ವರ್ಷ ಕಟ್ಟಿದ ಮೇಲೆ ಬಾಕಿ 47.47 ಲಕ್ಷ, ಅದಕ್ಕೆ ಹೊಸ ದರದಲ್ಲಿ ತಿಂಗಳ ಬಡ್ಡಿಯೇ ಸುಮಾರು 36,590. ಕಂತು ಅಷ್ಟೇ ಇದ್ದರೆ ಅಸಲಿಗೆ ಸಲ್ಲುವುದು 1,430 ರೂಪಾಯಿ. ಉಳಿದಿದ್ದ 18 ವರ್ಷ ಹೀಗೆ 35 ವರ್ಷ ದಾಟಿಬಿಡುತ್ತದೆ. ಖಾತೆಯಿಂದ ಪ್ರತಿ ತಿಂಗಳೂ ಅದೇ ಮೊತ್ತ ಕಡಿತವಾಗುತ್ತಿದ್ದುದರಿಂದ ಎಷ್ಟೋ ಮಂದಿಗೆ ಇದು ಗೊತ್ತಾಗಲೇ ಇಲ್ಲ.

ಈಗ ಇದೇ ಕಣ್ಣಿನಿಂದ ನಿಮ್ಮ ಸಾಲವನ್ನು ನೋಡಿ. 30 ವರ್ಷದ ಕಂತು 46,135 ಎಂದು ಒಪ್ಪಿಕೊಂಡರೆ, ದರ ಆರಂಭದ ವರ್ಷಗಳಲ್ಲೇ ಶೇ 8.5ರಿಂದ ಶೇ 9.25ರ ಹತ್ತಿರ ಬಂದರೆ ಸಾಕು, ಕಂತು ಪೂರ್ತಿ ಬಡ್ಡಿಗೇ ಹೋಗುತ್ತದೆ. ಎಳೆಯಲು ಅವಧಿಯೂ ಉಳಿದಿರುವುದಿಲ್ಲ, ಏಕೆಂದರೆ 34ಕ್ಕೆ 30 ಕೂಡಿಸಿದರೆ 64. ಖಾಸಗಿ ಕೆಲಸದಲ್ಲಿ ಅಲ್ಲಿಯವರೆಗೆ ಸಂಬಳ ಬರುತ್ತದೆಂದು ನಾನಂತೂ ಲೆಕ್ಕ ಹಾಕುವುದಿಲ್ಲ. 20 ವರ್ಷದ ಸಾಲದಲ್ಲೂ ದರ ಶೇ 10.5ಕ್ಕೆ ಹೋದರೆ ಕಂತು 59,900ರಷ್ಟಾಗಬೇಕಾಗುತ್ತದೆ. ಅದನ್ನು ಕಟ್ಟುವ ಶಕ್ತಿ ನಿಮಗಿದೆಯೇ ಎಂದು ಈಗಲೇ ಕೇಳಿಕೊಳ್ಳಿ. ಒಟ್ಟು 1.35 ಲಕ್ಷ ಸಂಬಳದಲ್ಲಿ ಅದು ಶೇ 44 ಆಗುತ್ತದೆ. ಇಬ್ಬರಲ್ಲಿ ಒಬ್ಬರ ಸಂಬಳ ಆರು ತಿಂಗಳು ನಿಂತರೆ ಏನು ಮಾಡುವುದು ಎಂಬ ಪ್ರಶ್ನೆಗೂ ಉತ್ತರ ಬೇಕು.

ರಿಸರ್ವ್ ಬ್ಯಾಂಕು 2023ರ ಆಗಸ್ಟ್ 18ರ ಸುತ್ತೋಲೆಯಲ್ಲಿ ಈ ಗುಟ್ಟಿನ ಎಳೆದಾಟಕ್ಕೆ ಕಡಿವಾಣ ಹಾಕಿದೆ. ದರ ಪರಿಷ್ಕರಣೆಯಾದಾಗ ಕಂತು ಏರಿಸಿಕೊಳ್ಳುವುದೋ, ಅವಧಿ ಬೆಳೆಸುವುದೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡುವುದೋ ಎಂದು ಆಯ್ಕೆ ಮಾಡುವ ಹಕ್ಕು ಸಾಲಗಾರನದು. ಅವಧಿ ಬೆಳೆದು ಬೆಳೆದು ಅಸಲೇ ಏರುವ ಸ್ಥಿತಿಗೆ ಬರಬಾರದು. ಮೂರು ತಿಂಗಳಿಗೊಮ್ಮೆ ಕೊಡುವ ಲೆಕ್ಕಪತ್ರದಲ್ಲಿ ಇದುವರೆಗೆ ವಸೂಲಾದ ಅಸಲು, ಬಡ್ಡಿ, ಕಂತಿನ ಮೊತ್ತ ಮತ್ತು ಬಾಕಿ ಕಂತುಗಳ ಸಂಖ್ಯೆ ಇರಬೇಕು. ಆ ಲೆಕ್ಕಪತ್ರ ಬಂದಾಗ ಬೇರೇನನ್ನೂ ಓದದಿದ್ದರೂ ಬಾಕಿ ಕಂತುಗಳ ಸಂಖ್ಯೆಯನ್ನು ನೋಡಿ. ಮೂರು ತಿಂಗಳ ಹಿಂದೆ 214 ಇದ್ದದ್ದು ಈಗ 211 ಆಗಿರಬೇಕು. 223 ಆಗಿದ್ದರೆ ಅದೇ ದಿನ ಶಾಖೆಗೆ ಪತ್ರ ಬರೆದು ಕಂತು ಏರಿಸಲು ಹೇಳಿ. ದರ ಇಳಿದಾಗ ಬ್ಯಾಂಕು ಕಂತನ್ನು ಇಳಿಸಲು ಮುಂದಾದರೆ ಅದನ್ನು ಒಪ್ಪದೆ ಹಳೆಯ ಕಂತನ್ನೇ ಮುಂದುವರಿಸಿ. 2025ರಲ್ಲಿ ರೆಪೊ ಹಲವು ಬಾರಿ ಇಳಿದಾಗ ಹೀಗೆ ಮಾಡಿದವರ ಅವಧಿ ತಾನಾಗಿ ಕುಗ್ಗಿತು.

ಇಲ್ಲಿ ಬ್ಯಾಂಕಿಗೂ ಗೃಹಸಾಲ ಕಂಪನಿಗೂ ವ್ಯತ್ಯಾಸವಿದೆ. ರೆಪೊಗೆ ಕಟ್ಟುವ ನಿಯಮ ಬ್ಯಾಂಕುಗಳಿಗೆ ಅನ್ವಯಿಸುತ್ತದೆ. ಗೃಹಸಾಲ ಕಂಪನಿಗಳು ತಮ್ಮದೇ ಮೂಲದರ ಇಟ್ಟುಕೊಂಡಿರುತ್ತವೆ, ರೆಪೊ ಇಳಿದ ಲಾಭ ಅಲ್ಲಿ ತಡವಾಗಿ ತಲುಪುತ್ತದೆ. ಬ್ಯಾಂಕಿನಲ್ಲೂ ರೆಪೊ ಮೇಲೆ ಸೇರಿಸುವ ಹೆಚ್ಚುವರಿ ದರ ಹೊಸ ಗಿರಾಕಿಗೆ ಕಡಿಮೆ, ಹಳಬರಿಗೆ ಹಳೆಯದೇ ಆಗಿರುವುದುಂಟು. ವರ್ಷಕ್ಕೊಮ್ಮೆ ಅದೇ ಬ್ಯಾಂಕಿನ ಹೊಸ ದರ ಎಷ್ಟೆಂದು ನೋಡಿ, ವ್ಯತ್ಯಾಸ ಇದ್ದರೆ ಬದಲಾಯಿಸಿಕೊಡಲು ಕೇಳಿ. ಅದಕ್ಕೊಂದು ಶುಲ್ಕ ಹಾಕುತ್ತಾರೆ, ಆದರೂ ಬಹುತೇಕ ಲಾಭವೇ. ಇನ್ನು ನಿಮಗೆ ಹೇಳಿರುವ ಶೇ 8.5 ಪೂರ್ತಿ ಖರ್ಚನ್ನು ತೋರಿಸುವುದಿಲ್ಲ. 2024ರ ಅಕ್ಟೋಬರ್‌ನಿಂದ ಸಾಲ ಕೊಡುವವರೆಲ್ಲ ‘ಕೀ ಫ್ಯಾಕ್ಟ್ ಸ್ಟೇಟ್‌ಮೆಂಟ್’ ಎಂಬ ಪತ್ರ ಕೊಡಬೇಕು. ಅದರಲ್ಲಿ ಪ್ರೊಸೆಸಿಂಗ್ ಶುಲ್ಕ, ಕಾನೂನು ಪರಿಶೀಲನೆಯ ಖರ್ಚು, ಬ್ಯಾಂಕಿನ ಮೂಲಕ ವಸೂಲಾಗುವ ವಿಮೆಯ ಹಣ ಎಲ್ಲ ಸೇರಿದ ವಾರ್ಷಿಕ ದರ, ಅಂದರೆ ಎಪಿಆರ್, ನಮೂದಾಗಿರುತ್ತದೆ. ಎರಡು ಬ್ಯಾಂಕುಗಳನ್ನು ಹೋಲಿಸುವಾಗ ಆ ಅಂಕಿಯನ್ನು ಹೋಲಿಸಿ, ಜಾಹೀರಾತಿನ ದರವನ್ನಲ್ಲ.

ಸಾಲಕ್ಕೆ ಸೇರದ ಖರ್ಚುಗಳು ನಿಮ್ಮ ಪತ್ರದಲ್ಲಿ ಕಾಣಲಿಲ್ಲ. 85 ಲಕ್ಷದಲ್ಲಿ 60 ಸಾಲ, 25 ನಮ್ಮದು, ಇನ್ನೂ 15 ಲಕ್ಷ ಕೈಯಲ್ಲಿ ಉಳಿಯುತ್ತದೆ ಎಂದುಕೊಂಡಿದ್ದರೆ ಅದು ಉಳಿಯುವುದಿಲ್ಲ. ನಿರ್ಮಾಣ ಹಂತದ ಫ್ಲ್ಯಾಟಿಗೆ ಶೇ 5 ಜಿಎಸ್‌ಟಿ, ಅಂದರೆ 4.25 ಲಕ್ಷ. ಕರ್ನಾಟಕದಲ್ಲಿ 45 ಲಕ್ಷ ಮೀರಿದ ಆಸ್ತಿಗೆ ಮುದ್ರಾಂಕ ಶುಲ್ಕ ಶೇ 5, ಅದರ ಮೇಲೆ ನಗರದಲ್ಲಿ ಸೆಸ್ ಮತ್ತು ಸರ್‌ಚಾರ್ಜ್. ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ 1ರಿಂದ ಶೇ 2ಕ್ಕೆ ಏರಿದೆ. ಒಟ್ಟು ಶೇ 7.6, ನಿಮಗೆ 6.46 ಲಕ್ಷ. ಎರಡೂ ಸೇರಿ 10.71 ಲಕ್ಷ. ಇಂತಹ ಬೆಲೆಯ ಮನೆಗಳಿಗೆ ಬ್ಯಾಂಕು ಸಾಲದ ಮಿತಿ ಲೆಕ್ಕ ಹಾಕುವಾಗ ಮುದ್ರಾಂಕ ಮತ್ತು ನೋಂದಣಿ ವೆಚ್ಚವನ್ನು ಮನೆಯ ಬೆಲೆಗೆ ಸೇರಿಸುವಂತಿಲ್ಲ, ಆದ್ದರಿಂದ ಇದು ನಿಮ್ಮ ಜೇಬಿನದೇ. 40 ಲಕ್ಷದಲ್ಲಿ ಉಳಿಯುವುದು 4.29 ಲಕ್ಷ. ಅದರಲ್ಲಿ ಅಡುಗೆಮನೆ, ಕಪಾಟು, ಬೆಸ್ಕಾಂ ಮತ್ತು ಜಲಮಂಡಳಿಯ ಠೇವಣಿ, ಸಂಘದ ಮುಂಗಡ, ಇ-ಖಾತಾ ಎಲ್ಲ ಆಗಬೇಕು. ಆಗದೆ ಇದ್ದಾಗ ಜನ ಒಳಾಂಗಣಕ್ಕೆಂದು ಪರ್ಸನಲ್ ಲೋನ್ ಮಾಡುತ್ತಾರೆ, ಅದರ ಬಡ್ಡಿ ಗೃಹಸಾಲಕ್ಕಿಂತ ಎಷ್ಟೋ ಹೆಚ್ಚು. ಮನೆ ಕಂತಿನ ಜೊತೆ ಆ ಕಂತೂ ಸೇರಿದಾಗಲೇ ಬಹಳ ಕುಟುಂಬಗಳು ತತ್ತರಿಸುವುದನ್ನು ನಾನು ಕಂಡಿದ್ದೇನೆ. ಮನೆಗೆ ಹೋದ ಮೇಲೆ ನಿರ್ವಹಣಾ ವೆಚ್ಚ ಚದರ ಅಡಿಗೆ 5 ರೂಪಾಯಿ ಎಂದು ಹಿಡಿದರೂ ತಿಂಗಳಿಗೆ 6,000, ಜೊತೆಗೆ ಆಸ್ತಿ ತೆರಿಗೆ. ಆ ಭಾಗದಲ್ಲಿ ಕಾವೇರಿ ನೀರು ಬಂದಿದೆಯೇ, ಬೋರ್‌ವೆಲ್ ಮಾತ್ರವೇ ಎಂದು ವಿಚಾರಿಸಿ. 2024ರ ಬೇಸಿಗೆಯಲ್ಲಿ ಟ್ಯಾಂಕರ್ ನೀರನ್ನೇ ನಂಬಿದ್ದ ಅಪಾರ್ಟ್‌ಮೆಂಟುಗಳ ಪಾಡನ್ನು ನೀವೂ ನೋಡಿದ್ದೀರಿ.

ನಿರ್ಮಾಣದ ಮೂರು ವರ್ಷಗಳಿಗೂ ಬೆಲೆಯಿದೆ. ಬ್ಯಾಂಕು ಕಟ್ಟಡ ಏರಿದಂತೆ ಹಂತಹಂತವಾಗಿ ಹಣ ಬಿಡುಗಡೆ ಮಾಡುತ್ತದೆ, ಬಿಡುಗಡೆಯಾದಷ್ಟಕ್ಕೆ ನೀವು ಬಡ್ಡಿ ಮಾತ್ರ ಕಟ್ಟುತ್ತೀರಿ. ಪ್ರಿ-ಇಎಂಐ ಎಂದು ಕರೆಯುವ ಈ ಹಣದಿಂದ ಅಸಲು ಒಂದು ರೂಪಾಯಿಯೂ ಇಳಿಯುವುದಿಲ್ಲ. ಮೂರು ವರ್ಷದಲ್ಲಿ ಸರಾಸರಿ 30 ಲಕ್ಷ ಬಿಡುಗಡೆಯಾಗಿತ್ತೆಂದರೆ ಬಡ್ಡಿ 7.65 ಲಕ್ಷ, ಅದೇ ಮೂರು ವರ್ಷದ ಬಾಡಿಗೆ 10.08 ಲಕ್ಷ, ಸೇರಿ 17.73 ಲಕ್ಷ. ಇದಕ್ಕೆ ಬದಲಾಗಿ ಸ್ವಾಧೀನಾನುಭವ ಪತ್ರ, ಅಂದರೆ ಓಸಿ, ಸಿಕ್ಕಿರುವ ಸಿದ್ಧ ಫ್ಲ್ಯಾಟನ್ನು ಅಷ್ಟೇ ಸಾಲದಲ್ಲಿ ಕೊಂಡಿದ್ದರೆ ಮೂರು ವರ್ಷದ ಪೂರ್ಣ ಕಂತು 18.74 ಲಕ್ಷ, ಅದರಲ್ಲಿ 3.9 ಲಕ್ಷ ಅಸಲಿಗೆ ಸಂದಿರುತ್ತದೆ, ಜಿಎಸ್‌ಟಿಯ 4.25 ಲಕ್ಷವೂ ಇರುವುದಿಲ್ಲ. ಮೂರು ವರ್ಷದ ನಿರ್ವಹಣಾ ವೆಚ್ಚವನ್ನು ಕಳೆದರೂ ಸಿದ್ಧ ಮನೆಯ ಪಾಲಿಗೆ ಸುಮಾರು 5 ಲಕ್ಷದ ಅನುಕೂಲ ಉಳಿಯುತ್ತದೆ. ಅಂದರೆ ಅದೇ ಸುತ್ತಿನಲ್ಲಿ ಅಂಥದ್ದೇ ಸಿದ್ಧ ಫ್ಲ್ಯಾಟ್ 90 ಲಕ್ಷದೊಳಗೆ ಸಿಕ್ಕರೆ ಅದೇ ಅಗ್ಗ. ಇದರಲ್ಲಿ ವಿಳಂಬದ ಅಪಾಯವನ್ನು ನಾನಿನ್ನೂ ಸೇರಿಸಿಲ್ಲ. ಶೇ 90ರಷ್ಟು ಸಾಲ ಬಿಡುಗಡೆಯಾದ ಮೇಲೆ ಕಟ್ಟಡ ಒಂದು ವರ್ಷ ತಡವಾದರೆ ಬಡ್ಡಿ 4.59 ಲಕ್ಷ, ಬಾಡಿಗೆ 3.36 ಲಕ್ಷ, ಒಟ್ಟು ಸುಮಾರು 8 ಲಕ್ಷ ನೀರಿನಲ್ಲಿ ಹೋಮ. ರೇರಾ ಕಾಯ್ದೆಯಡಿ ವಿಳಂಬಕ್ಕೆ ಬಿಲ್ಡರ್ ಬಡ್ಡಿ ಕೊಡಬೇಕು ನಿಜ, ಆದರೆ ಆದೇಶ ಪಡೆಯುವುದು ಒಂದು, ಕಂದಾಯ ಬಾಕಿಯಂತೆ ವಸೂಲಾಗಿ ಅದು ನಿಮ್ಮ ಖಾತೆಗೆ ಬರುವುದು ಇನ್ನೊಂದು. ರೇರಾ ನೋಂದಣಿ ಇದೆ ಎಂಬುದರಿಂದ ಮೂರು ವರ್ಷಕ್ಕೆ ಮನೆ ಸಿಗುತ್ತದೆ ಎಂಬ ಖಾತ್ರಿ ಸಿಗುವುದಿಲ್ಲ. ನೋಂದಾಯಿತ ಕರಾರು ಆಗುವ ಮೊದಲು ಬೆಲೆಯ ಶೇ 10ಕ್ಕಿಂತ ಹೆಚ್ಚು ಕೇಳುವಂತಿಲ್ಲ ಎಂಬ ರಕ್ಷಣೆಯನ್ನಂತೂ ಬಳಸಿಕೊಳ್ಳಿ.

ವಿಮೆಯ ವಿಷಯ ಚಿಕ್ಕದು. 1.8 ಲಕ್ಷವನ್ನು ಸಾಲಕ್ಕೆ ಸೇರಿಸಿದರೆ ಕಂತು 1,562 ರೂಪಾಯಿ ಏರುತ್ತದೆ, 20 ವರ್ಷದಲ್ಲಿ ನೀವು ಅದಕ್ಕಾಗಿ ಕಟ್ಟುವುದು 3.75 ಲಕ್ಷ. ಇದನ್ನು ತೆಗೆದುಕೊಂಡರೆ ಮಾತ್ರ ಸಾಲ ಎಂಬ ನಿಯಮ ರಿಸರ್ವ್ ಬ್ಯಾಂಕಿನದಲ್ಲ. ಇಂಥ ಪಾಲಿಸಿಗಳು ಸಾಮಾನ್ಯವಾಗಿ ಸಾಲ ಇಳಿದಂತೆ ರಕ್ಷಣೆಯ ಮೊತ್ತವನ್ನೂ ಇಳಿಸುತ್ತವೆ, ಸಾಲವನ್ನು ಬೇರೆ ಬ್ಯಾಂಕಿಗೆ ವರ್ಗಾಯಿಸಿದರೆ ಗೊಂದಲವಾಗುತ್ತದೆ. ಆದರೆ ವಿಮೆಯೇ ಬೇಡವೆಂದು ಎದ್ದುಬರಬೇಡಿ. ಇಬ್ಬರ ಸಂಬಳದ ಮೇಲೆ ನಿಂತ ಸಾಲವಿದು. ಇಬ್ಬರ ಹೆಸರಿನಲ್ಲೂ ಸಾಲದ ತಮ್ಮ ತಮ್ಮ ಪಾಲಿಗೆ ಕಡಿಮೆಯಿಲ್ಲದ ಟರ್ಮ್ ಪಾಲಿಸಿಯನ್ನು (ನಿಗದಿತ ಅವಧಿಯೊಳಗೆ ಸಾವು ಸಂಭವಿಸಿದರೆ ಮಾತ್ರ ಹಣ ಕೊಡುವ ಜೀವವಿಮೆ) ಪ್ರತ್ಯೇಕವಾಗಿ ಕೊಂಡು ವರ್ಷ ವರ್ಷ ಕಂತು ಕಟ್ಟಿ.

ಸಹೋದ್ಯೋಗಿಯ ತೆರಿಗೆ ಸಲಹೆ ಒಂದು ಕಾಲಕ್ಕೆ ಸರಿಯಾಗಿತ್ತು. ಹಳೆಯ ತೆರಿಗೆ ಪದ್ಧತಿಯಲ್ಲಿ ಸ್ವಂತ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ಕಡಿತ ಸಿಗುತ್ತದೆ, ಅಸಲಿಗೆ ಇತರ ಉಳಿತಾಯಗಳ ಜೊತೆ ಸೇರಿ 1.5 ಲಕ್ಷದವರೆಗೆ. ಹೊಸ ಪದ್ಧತಿಯಲ್ಲಿ ಸ್ವಂತ ವಾಸದ ಮನೆಗೆ ಇವೆರಡೂ ಇಲ್ಲ. ಅಷ್ಟೇ ಅಲ್ಲ, 2025–26ರಿಂದ ಹೊಸ ಪದ್ಧತಿಯಲ್ಲಿ ಸಂಬಳದಾರರಿಗೆ 12.75 ಲಕ್ಷದವರೆಗಿನ ಆದಾಯಕ್ಕೆ ತೆರಿಗೆಯೇ ಬೀಳುವುದಿಲ್ಲ. ನೀವು ಹೇಳಿರುವ ಸಂಬಳದ ಪ್ರಮಾಣ ನೋಡಿದರೆ ನಿಮ್ಮಿಬ್ಬರದೂ ಅದರೊಳಗೇ ಇರುವ ಸಾಧ್ಯತೆ ಹೆಚ್ಚು. ತೆರಿಗೆಯೇ ಇಲ್ಲದ ಮೇಲೆ ಉಳಿಸುವುದೇನನ್ನು? ಮುಂದೆ ಸಂಬಳ ಏರಿ ಹಳೆಯ ಪದ್ಧತಿ ಲಾಭವೆನಿಸಿದರೂ, ಶೇ 20ರ ಹಂತದಲ್ಲಿ 2 ಲಕ್ಷ ಬಡ್ಡಿ ಕಟ್ಟಿದ್ದಕ್ಕೆ ಸೆಸ್ ಸೇರಿ ಉಳಿಯುವುದು 41,600 ರೂಪಾಯಿ. ನಿಮ್ಮ ಮೊದಲ ಪೂರ್ಣ ವರ್ಷದ ಬಡ್ಡಿಯೇ 5 ಲಕ್ಷ ದಾಟುತ್ತದೆ. ತೆರಿಗೆಗೋಸ್ಕರ ಸಾಲ ಉಳಿಸಿಕೊಳ್ಳುವುದಕ್ಕೆ ಅರ್ಥವಿಲ್ಲ.

ಇನ್ನು ತುಮಕೂರಿನ ನಿವೇಶನ. ಮಾವನವರ ಭಾವನೆಯನ್ನು ನಾನು ಲೆಕ್ಕದಿಂದ ಅಳೆಯಲಾರೆ, ಅದು ನೀವು ಮನೆಯಲ್ಲಿ ಕೂತು ಮಾತಾಡಿಕೊಳ್ಳಬೇಕಾದದ್ದು. ಲೆಕ್ಕ ಮಾತ್ರ ಹೀಗಿದೆ. ನಿವೇಶನ ಮಾರಿ 18 ಲಕ್ಷ ಬಂದರೆ ನಿಮ್ಮ ಹಣ 58 ಲಕ್ಷ ಆಗುತ್ತದೆ. ಸಾಲವನ್ನು 48 ಲಕ್ಷಕ್ಕೆ ಇಳಿಸಿ, ಮನೆಯ ಬೆಲೆ ಮತ್ತು ಶುಲ್ಕಗಳಿಗೆ 47.71 ಲಕ್ಷ ಹಾಕಿದರೂ ಕೈಯಲ್ಲಿ 10 ಲಕ್ಷ ಉಳಿಯುತ್ತದೆ. ಒಳಾಂಗಣಕ್ಕೂ ಆರು ತಿಂಗಳ ಕಂತಿನ ಆಪದ್ಧನಕ್ಕೂ ಅದು ಸಾಕು. ಕಂತನ್ನು ಮಾತ್ರ ಕಡಿಮೆ ಮಾಡಿಕೊಳ್ಳದೆ ಅದೇ 52,069 ಕಟ್ಟುತ್ತ ಹೋದರೆ 48 ಲಕ್ಷ ಹನ್ನೆರಡೂವರೆ ವರ್ಷದಲ್ಲಿ ತೀರುತ್ತದೆ, ಒಟ್ಟು ಬಡ್ಡಿ ಸುಮಾರು 30 ಲಕ್ಷ. ಮೊದಲಿನ 65 ಲಕ್ಷದ ಪಕ್ಕದಲ್ಲಿ ಇದನ್ನಿಟ್ಟು ನೋಡಿ. ಎದುರು ವಾದವೂ ಇದೆ: ನಿವೇಶನದ ಬೆಲೆ ವರ್ಷಕ್ಕೆ ಶೇ 8.5ಕ್ಕಿಂತ ವೇಗವಾಗಿ ಏರುತ್ತದೆಂಬ ಭರವಸೆ ನಿಮಗಿದ್ದರೆ ಅದನ್ನು ಇಟ್ಟುಕೊಳ್ಳುವುದೇ ಲಾಭ. ತುಮಕೂರಿನ ಎಲ್ಲ ಬಡಾವಣೆಗಳೂ ಹಾಗೆ ಏರಿಲ್ಲ, ಖಾಲಿ ನಿವೇಶನದಿಂದ ಬಾಡಿಗೆಯೂ ಬರುವುದಿಲ್ಲ, ಅಷ್ಟೇ ನನ್ನ ಅಭಿಪ್ರಾಯ. ಮಾರುವುದಾದರೆ ಲಾಭದ ಮೇಲಿನ ತೆರಿಗೆಯ ವಿಷಯದಲ್ಲಿ ಲೆಕ್ಕಪರಿಶೋಧಕರನ್ನು ಮೊದಲೇ ಕಾಣಿ. ಬಂದ ಹಣವನ್ನು ವಾಸದ ಮನೆಗೆ ಹಾಕಿದರೆ ವಿನಾಯಿತಿ ಇದೆ, ಆದರೆ ನಿವೇಶನ ಪತಿಯ ಹೆಸರಿನಲ್ಲಿರುವುದರಿಂದ ಮನೆಯಲ್ಲೂ ಅವರ ಹೆಸರಿರಬೇಕು, ಮತ್ತು ನಿರ್ಮಾಣದ ಮನೆಗೆ ಮಾರಿದ ದಿನದಿಂದ ಮೂರು ವರ್ಷದ ಗಡುವಿದೆ. ಮೂರು ವರ್ಷಕ್ಕೆ ಸಿಗುವ ಫ್ಲ್ಯಾಟನ್ನು ನಂಬಿ ಇಂದೇ ಮಾರಿದರೆ ಆ ಗಡುವು ಕತ್ತಿಯಂಚಿನಲ್ಲಿರುತ್ತದೆ. ಇದೂ ಸಿದ್ಧ ಮನೆಯ ಪರವಾದ ಇನ್ನೊಂದು ಕಾರಣ.

ಮಾರದಿರಲು ತೀರ್ಮಾನಿಸಿದರೆ 60 ಲಕ್ಷದ ಸಾಲವನ್ನು 20 ವರ್ಷಕ್ಕೇ ಮಾಡಿ, ಸಂಬಳ ಏರಿದಂತೆ ಕಂತನ್ನೂ ಏರಿಸಿ. ವರ್ಷಕ್ಕೆ ಒಂದು ಹೆಚ್ಚುವರಿ ಕಂತು, ಬೋನಸ್ ಬಂದಾಗ ಎಂದಿಟ್ಟುಕೊಳ್ಳಿ, ಕಟ್ಟಿದರೆ ಸಾಲ ಮೂರು ವರ್ಷಕ್ಕಿಂತ ಹೆಚ್ಚು ಮೊದಲೇ ಮುಗಿದು ಸುಮಾರು 12 ಲಕ್ಷ ಬಡ್ಡಿ ಉಳಿಯುತ್ತದೆ. ಪ್ರತಿ ವರ್ಷ ಕಂತನ್ನು ಶೇ 5ರಷ್ಟು ಏರಿಸುತ್ತ ಹೋದರೆ ಹನ್ನೆರಡು ವರ್ಷ ಚಿಲ್ಲರೆಗೆ ಮುಗಿದು ಸುಮಾರು 23 ಲಕ್ಷ ಉಳಿಯುತ್ತದೆ. ಎರಡನೆಯ ವರ್ಷದ ಕೊನೆಯಲ್ಲಿ ಕಟ್ಟಿದ 1 ಲಕ್ಷ ಮುಂದೆ ಸುಮಾರು 3.5 ಲಕ್ಷ ಬಡ್ಡಿಯನ್ನು ಉಳಿಸಿದರೆ, ಹದಿನೈದನೆಯ ವರ್ಷದ ಕೊನೆಯಲ್ಲಿ ಕಟ್ಟಿದ 1 ಲಕ್ಷ ಉಳಿಸುವುದು ಸುಮಾರು 52 ಸಾವಿರ. ವ್ಯಕ್ತಿಗಳ ಫ್ಲೋಟಿಂಗ್ ಗೃಹಸಾಲಕ್ಕೆ ಮುಂಚಿತ ಪಾವತಿಯ ದಂಡವನ್ನು ಬ್ಯಾಂಕುಗಳು 2012ರಿಂದಲೇ ಹಾಕುವಂತಿಲ್ಲ. ಕಟ್ಟುವಾಗ ‘ಅವಧಿ ಕಡಿಮೆ ಮಾಡಿ, ಕಂತು ಬೇಡ’ ಎಂದು ಬರಹದಲ್ಲಿ ಕೊಡಿ. ಸುಮ್ಮನಿದ್ದರೆ ಕೆಲವೆಡೆ ಕಂತನ್ನು ಇಳಿಸಿಬಿಡುತ್ತಾರೆ. ಆಪದ್ಧನವನ್ನು ಬರಿದು ಮಾಡಿ ಮಾತ್ರ ಸಾಲಕ್ಕೆ ಕಟ್ಟಬೇಡಿ. ಕಟ್ಟಿದ ಹಣ ಕೆಲಸ ಹೋದ ತಿಂಗಳು ವಾಪಸ್ ಬರುವುದಿಲ್ಲ. ಇದೇ ಕಾರಣಕ್ಕೆ, ಇಬ್ಬರಲ್ಲಿ ಒಬ್ಬರ ಕೆಲಸ ಅಭದ್ರವೆನಿಸಿದರೆ 25 ವರ್ಷದ ಸಾಲ ಮಾಡಿ 20 ವರ್ಷದ ಕಂತನ್ನು ಕಟ್ಟುವುದನ್ನು ನಾನು ಒಪ್ಪುತ್ತೇನೆ. ಅದಕ್ಕೆ ಶಿಸ್ತು ಬೇಕು. ಹೆಚ್ಚುವರಿ ಮೊತ್ತ ಪ್ರತಿ ತಿಂಗಳೂ ತಾನಾಗಿ ಹೋಗುವಂತೆ ಬ್ಯಾಂಕಿಗೆ ಆದೇಶ ಕೊಟ್ಟಿರಬೇಕು, ಇಲ್ಲದಿದ್ದರೆ ಆ 3,755 ರೂಪಾಯಿ ಎಲ್ಲಿ ಹೋಯಿತೆಂದು ತಿಳಿಯುವುದಿಲ್ಲ.

ಕೊನೆಯ ಕಂತು ಕಟ್ಟಿದ ಮೇಲೂ ಸ್ವಲ್ಪ ಕೆಲಸವಿದೆ. 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿರುವ ನಿಯಮದಂತೆ ಸಾಲ ತೀರಿದ 30 ದಿನದೊಳಗೆ ಬ್ಯಾಂಕು ಮೂಲ ದಾಖಲೆಗಳನ್ನು ಹಿಂದಿರುಗಿಸಿ ಅಡಮಾನದ ದಾಖಲೆಯನ್ನು ರದ್ದುಪಡಿಸಬೇಕು. ಬ್ಯಾಂಕಿನ ಕಾರಣದಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ. ದಾಖಲೆಗಳ ಕಟ್ಟು ಕೈಗೆ ಬಂತೆಂದು ಸುಮ್ಮನಾಗದೆ, ಉಪನೋಂದಣಾಧಿಕಾರಿ ಕಚೇರಿಯಲ್ಲಿ ಅಡಮಾನ ಬಿಡುಗಡೆ ನೋಂದಣಿಯಾಗಿದೆಯೇ ಎಂದು ಹೊಸ ಋಣಭಾರ ಪ್ರಮಾಣಪತ್ರ ತೆಗೆದು ನೋಡಿ. ಇದನ್ನು ಮರೆತವರು ಹತ್ತು ವರ್ಷದ ನಂತರ ಮನೆ ಮಾರಲು ಹೊರಟಾಗ, ಎಂದೋ ತೀರಿದ ಸಾಲದ ಹೆಸರಿನಲ್ಲಿ ತಿಂಗಳುಗಟ್ಟಲೆ ಶಾಖೆಯಿಂದ ಶಾಖೆಗೆ ಅಲೆಯುತ್ತಾರೆ.